‘ಮೇರಿಗ್ರಾಫ್’ ಅಂದರೆ ಏನು? ‘ಅಲೆಮಾಪಕ’ ಅನ್ನಬಹುದಾ?

ಹಾಳೆಗುಬ್ಬಿ
ಎಲ್ಲರಿಗೂ ನಮಸ್ಕಾರ. ಎರಡು ದಿನದಿಂದ ಒಂದೇ ಪದದ ಮುಂದೆ ಕೂತಿದ್ದೇನೆ. ಸಹಾಯ ಬೇಕು.

ಬಂದರು ಎಂಜಿನಿಯರ್ ಒಬ್ಬರ ಹಳೆಯ ದಿನಚರಿಯನ್ನು ಇಂಗ್ಲಿಷಿನಿಂದ ಕನ್ನಡಕ್ಕೆ ತರುತ್ತಿದ್ದೇನೆ. ಅದರಲ್ಲಿ ‘ಮೇರಿಗ್ರಾಫ್’ ಅನ್ನುವ ಪದ ಹನ್ನೊಂದು ಸಲ ಬರುತ್ತದೆ. ಎಲ್ಲೂ ವಿವರಣೆ ಇಲ್ಲ, ಎಲ್ಲರಿಗೂ ಗೊತ್ತಿರುವ ವಸ್ತು ಅನ್ನುವ ಹಾಗೆ ಬರೆದಿದ್ದಾರೆ. ನನ್ನನ್ನು ಕಾಡುತ್ತಿರುವ ಸಾಲು ಇದು:

“ಬೆಳಿಗ್ಗೆ ಹೋಗಿ ನೋಡಿದಾಗ ಮೇರಿಗ್ರಾಫಿನ ಹಾಳೆಯಲ್ಲಿ, ಇಳಿಯುವ ಗೆರೆಯ ಮೇಲೆ ಮೂರು ಹಲ್ಲುಗಳು ಮೂಡಿದ್ದವು. ರಾತ್ರಿ ಗಾಳಿಯೇ ಇರಲಿಲ್ಲ.”

ನಾನು ‘ಅಲೆಮಾಪಕ’ ಎಂದು ಬರೆದೆ. ಕರಡು ಓದಿದ ಗೆಳತಿ “ಗಾಳಿ ಇಲ್ಲ ಅಂತೀಯ, ಅಲೆ ಎಲ್ಲಿಂದ ಬಂತು?” ಎಂದು ಕೇಳಿದಳು. ಉತ್ತರ ಇರಲಿಲ್ಲ. ನಿಘಂಟು ತೆಗೆದರೆ ‘ಉಬ್ಬರವಿಳಿತ ದಾಖಲಿಸುವ ಉಪಕರಣ’ ಅಂತ ಒಂದೇ ಸಾಲು. ದಿನಚರಿಯ ಇನ್ನೊಂದು ಕಡೆ ‘ಥಲಸೋಮೀಟರ್’ ಅಂತಲೂ ಇದೆ. ಎರಡೂ ಒಂದೇನಾ? ಕನ್ನಡದಲ್ಲಿ ಏನನ್ನಬೇಕು?

ತುಂತುರು
ಮೇರಿಗ್ರಾಫ್ ಅಂತಲೇ ಬಿಡಿ. ಥರ್ಮಾಮೀಟರ್ ಅನ್ನೋದಿಲ್ವಾ ನಾವು?

ಕಡ್ಡಿಪುಡಿ
ಥರ್ಮಾಮೀಟರ್ ಪ್ರತಿ ಮನೆಯಲ್ಲೂ ಇದೆ. ಮೇರಿಗ್ರಾಫನ್ನು ಓದುಗರಲ್ಲಿ ಎಷ್ಟು ಜನ ನೋಡಿದ್ದಾರೆ? ವಸ್ತು ಕಣ್ಣಿಗೆ ಬಿದ್ದಿದ್ದರೆ ಹೆಸರು ಯಾವ ಭಾಷೆಯದಾದರೂ ನಡೆಯುತ್ತದೆ. ವಸ್ತುವೂ ಗೊತ್ತಿಲ್ಲ, ಪದವೂ ಗೊತ್ತಿಲ್ಲ ಅಂದರೆ ಓದುಗ ಅಲ್ಲೇ ಎಡವುತ್ತಾನೆ. ಅದೂ ಹನ್ನೊಂದು ಸಲ.

ಪದಜೋಳಿಗೆ
ಮೊದಲು ಪದ ಬಿಡಿಸೋಣ. ಲ್ಯಾಟಿನ್ನಿನಲ್ಲಿ ‘ಮಾರೆ’ ಅಂದರೆ ಸಮುದ್ರ. ಗ್ರೀಕಿನ ‘ಗ್ರಾಫೋ’ ಅಂದರೆ ಬರೆಯುತ್ತೇನೆ. ಎರಡು ಭಾಷೆಯ ತುಂಡುಗಳನ್ನು ಕೂಡಿಸಿ ಹೊಲಿದ ಪದ ಇದು. ‘ಥಲಸೋಮೀಟರ್’ ಪೂರ್ತಿ ಗ್ರೀಕ್: ‘ಥಲಸ್ಸ’ ಅಂದರೆ ಸಮುದ್ರ, ‘ಮೆಟ್ರಾನ್’ ಅಂದರೆ ಅಳತೆ. ಅಕ್ಷರಕ್ಕೆ ಅಕ್ಷರ ಹಿಡಿದರೆ ಮೊದಲನೆಯದು ‘ಸಮುದ್ರ ಬರೆಯುವುದು’, ಎರಡನೆಯದು ‘ಸಮುದ್ರ ಅಳೆಯುವುದು’. ನೋಡಿ, ಎರಡರಲ್ಲೂ ‘ಉಬ್ಬರ’ ಅನ್ನುವ ಮಾತೇ ಇಲ್ಲ. ಅದಕ್ಕೇ ನೀವು ದಾರಿ ತಪ್ಪಿದ್ದು. ನಿಮ್ಮ ತಪ್ಪೇನಿಲ್ಲ.

ಅರ್ಥಹುಡುಕ
ಥಲಸೋಮೀಟರ್ ಸಮುದ್ರದ ಆಳ ಅಳೆಯೋದಲ್ವಾ? ಎಲ್ಲೋ ಹಾಗೆ ಓದಿದ ನೆನಪು.

ಪದಜೋಳಿಗೆ
ಅಲ್ಲ. ಆಳ ಅಳೆಯುವುದಕ್ಕೆ ‘ಬ್ಯಾಥಿಮೀಟರ್’ ಎನ್ನುವ ಬೇರೆ ಪದ ಇದೆ, ‘ಬಾಥೂಸ್’ ಅಂದರೆ ಆಳ. ದೊಡ್ಡ ಇಂಗ್ಲಿಷ್ ನಿಘಂಟುಗಳು ಥಲಸೋಮೀಟರಿಗೆ ಕೊಡುವ ಅರ್ಥ ಉಬ್ಬರವಿಳಿತದ ಮಾಪಕ ಎಂದೇ. ಪದ ಮಾತ್ರ ನಿಘಂಟಿನಿಂದ ಹೊರಗೆ ಕಾಲಿಟ್ಟದ್ದು ಬಹಳ ಕಡಿಮೆ. ಅದನ್ನು ಬಳಸಿದ್ದಾರೆ ಅಂದರೆ ನಿಮ್ಮ ಎಂಜಿನಿಯರಿಗೆ ಪದಗಳ ಹುಚ್ಚು ಚೆನ್ನಾಗಿಯೇ ಇತ್ತು.

ದಡದಂಚು
ಹಾಳೆಗುಬ್ಬಿಯವರೇ, ಬಂದರು ಸರ್ವೆಯಲ್ಲಿ ಇಪ್ಪತ್ತಾರು ವರ್ಷ ಇದೇ ಕೆಲಸ ಮಾಡಿದವನು ನಾನು. ‘ಅಲೆಮಾಪಕ’ ಬೇಡವೇ ಬೇಡ. ಅರ್ಥ ತಲೆಕೆಳಗಾಗುತ್ತದೆ. ಆ ಯಂತ್ರ ಇರುವುದೇ ಅಲೆಯನ್ನು ಅಳೆಯದೆ ಇರುವುದಕ್ಕೆ!

ಹೇಗೆ ಅಂತ ಹೇಳುತ್ತೇನೆ. ಕಟ್ಟೆಯ ಅಂಚಿನಲ್ಲಿ ಒಂದು ಉದ್ದನೆಯ ಕೊಳವೆಯನ್ನು ನೆಟ್ಟಗೆ ನಿಲ್ಲಿಸಿರುತ್ತಾರೆ. ತಳ ಮುಚ್ಚಿದೆ, ಒಂದು ಸಣ್ಣ ತೂತು ಮಾತ್ರ ಬಿಟ್ಟಿದ್ದಾರೆ. ಕೊಳವೆಯ ಅಗಲ 30 ಸೆಂಟಿಮೀಟರ್ ಇದ್ದರೆ ತೂತು 3 ಸೆಂಟಿಮೀಟರ್, ಹತ್ತಕ್ಕೊಂದು ಅನ್ನುವ ಲೆಕ್ಕ. ಹೊರಗೆ ಅಲೆ ಬಂದು ಬಡಿಯುತ್ತದೆ, ಐದಾರು ಸೆಕೆಂಡಿನಲ್ಲಿ ಹಿಂದಕ್ಕೆ ಹೋಗುತ್ತದೆ. ಅಷ್ಟು ಬೇಗ ಆ ಸಣ್ಣ ತೂತಿನಲ್ಲಿ ನೀರು ಒಳಗೆ ನುಗ್ಗಲಾರದು, ಹೊರಗೆ ಹೋಗಲೂ ಆಗದು. ಆದರೆ ಉಬ್ಬರ ಏರುವುದು ಗಂಟೆಗಟ್ಟಲೆ. ಅದರ ಜೊತೆಗೆ ಕೊಳವೆಯೊಳಗಿನ ನೀರೂ ನಿಧಾನಕ್ಕೆ ಏರುತ್ತದೆ. ಹೊರಗೆ ಕಡಲು ಕುದಿಯುತ್ತಿದ್ದರೂ ಕೊಳವೆಯೊಳಗೆ ಬಾವಿಯ ನೀರಿನ ಹಾಗೆ ಶಾಂತ. ಬಗ್ಗಿ ನೋಡಿದರೆ ನಿಮ್ಮ ಮುಖ ಕಾಣುತ್ತದೆ.

ಆ ನೀರಿನ ಮೇಲೆ ಒಂದು ತೇಲುಬುರುಡೆ. ಅದಕ್ಕೆ ತಂತಿ, ತಂತಿ ರಾಟೆಯ ಮೇಲೆ ಹಾದು ಇನ್ನೊಂದು ತುದಿಯಲ್ಲಿ ತೂಕದ ಗುಂಡು. ರಾಟೆ ತಿರುಗಿದಂತೆ ಪೆನ್ನು ಸರಿಯುತ್ತದೆ. ಪೆನ್ನಿನ ಕೆಳಗೆ ಹಾಳೆ ಸುತ್ತಿದ ಡ್ರಮ್ಮು, ಅದನ್ನು ಗಡಿಯಾರ ತಿರುಗಿಸುತ್ತದೆ. ಹಾಳೆಯ ಮೇಲೆ ಮೂಡುವುದು ದೊಡ್ಡ, ನಯವಾದ ಡೊಂಕು ಗೆರೆ. ಒಂದು ಉಬ್ಬರದಿಂದ ಇನ್ನೊಂದು ಉಬ್ಬರಕ್ಕೆ ಸುಮಾರು 12 ಗಂಟೆ 25 ನಿಮಿಷ. ಇದೇ ನಿಮ್ಮ ಮೇರಿಗ್ರಾಫ್.

ಈಗ ಆ ‘ಮೂರು ಹಲ್ಲು’ಗಳ ಬಗ್ಗೆ ಯೋಚಿಸಿ. ಅಲೆ ಆಗಿದ್ದರೆ ಹಾಳೆಯಲ್ಲಿ ಕಾಣುತ್ತಲೇ ಇರಲಿಲ್ಲ.

ನಾಲ್ಕನೇಬೆಂಚು
ವಾಹ್. ಒಂದು ತೂತು ಇಷ್ಟು ಕೆಲಸ ಮಾಡುತ್ತಾ!

ಹಾಳೆಗುಬ್ಬಿ
ದಡದಂಚು ಸರ್, ಕೈಮುಗಿದೆ. ಹಾಗಾದರೆ ಹಲ್ಲುಗಳು ಏನು?

ದಡದಂಚು
ಒಂದೊಂದು ಹಲ್ಲು ಎಷ್ಟು ನಿಮಿಷದ್ದು ಅಂತ ಬರೆದಿದ್ದಾರಾ, ನೋಡಿ ಹೇಳಿ. ಅಲ್ಲಿಯವರೆಗೆ ನಾನು ಊಹೆ ಮಾಡೋದಿಲ್ಲ.

ಗೆರೆಗಾರ
ಪದಕ್ಕೆ ವಾಪಸ್ ಬರೋಣ. ಬಾಲ ನೋಡಿ. ‘ಮೀಟರ್’ ಬಾಲ ಇದ್ದರೆ ಅಳೆದು ತೋರಿಸುತ್ತದೆ. ‘ಗ್ರಾಫ್’ ಬಾಲ ಇದ್ದರೆ ತಾನೇ ಬರೆದಿಡುತ್ತದೆ. ‘ಗ್ರಾಂ’ ಬಾಲ ಇದ್ದರೆ ಬರೆದ ಹಾಳೆ. ಇಸಿಜಿ ನೆನಪಿಸಿಕೊಳ್ಳಿ: ಯಂತ್ರ ಕಾರ್ಡಿಯೋಗ್ರಾಫ್, ಕೈಗೆ ಕೊಡುವ ಪಟ್ಟಿ ಕಾರ್ಡಿಯೋಗ್ರಾಂ. ಹಾಗೆಯೇ ಯಂತ್ರ ಮೇರಿಗ್ರಾಫ್, ಹಾಳೆ ಮೇರಿಗ್ರಾಂ. ಇಂಗ್ಲಿಷಿನಲ್ಲಿ ‘ಮೇರಿಗ್ರಾಂ’ ಕೂಡ ಇದೆ.

ಕಡ್ಡಿಪುಡಿ
ನಿಯಮ ಅಷ್ಟು ಗಟ್ಟಿ ಅಲ್ಲ. ಫೋಟೋಗ್ರಾಫ್ ಯಂತ್ರವಾ? ಆಟೋಗ್ರಾಫ್ ಯಂತ್ರವಾ? ಎರಡೂ ಬರೆದದ್ದು, ಬರೆಯುವುದಲ್ಲ.

ಗೆರೆಗಾರ
ಒಪ್ಪಿದೆ. ಆದರೆ ಅಳತೆಯ ಉಪಕರಣಗಳಲ್ಲಿ ನಿಯಮ ಹೆಚ್ಚುಕಡಿಮೆ ನಿಲ್ಲುತ್ತದೆ. ಬ್ಯಾರೋಮೀಟರ್–ಬ್ಯಾರೋಗ್ರಾಫ್, ಸೀಸ್ಮೋಗ್ರಾಫ್–ಸೀಸ್ಮೋಗ್ರಾಂ. ಇಲ್ಲಿ ನಮಗೆ ಬೇಕಾದದ್ದು ಅದೇ ಕುಟುಂಬ.

ಕಡ್ಡಿಪುಡಿ
ಸರಿ, ‘ಉಪಕರಣಗಳಲ್ಲಿ’ ಅಂತ ಸೇರಿಸಿದ್ದಕ್ಕೆ ಧನ್ಯವಾದ. ಮೊದಲೇ ಸೇರಿಸಬಹುದಿತ್ತು.

ಬೆಳ್ಳಿಮೋಡ
ನಾನು ಸ್ಪ್ಯಾನಿಷ್ ಕಲಿಸುತ್ತೇನೆ. ಒಂದು ವಿಷಯ ಹೇಳಲೇಬೇಕು. ಈ ಪದ ‘ಅಪರೂಪ’ ಆಗಿರುವುದು ಇಂಗ್ಲಿಷಿನಲ್ಲಿ ಮಾತ್ರ! ಇಂಗ್ಲಿಷಿನವರು ‘ಟೈಡ್ ಗೇಜ್’ ಅಂತ ಸುಮ್ನೆ ಚಿಕ್ಕದಾಗಿ ಹೇಳಿಬಿಡುತ್ತಾರೆ. ಆದರೆ ಸ್ಪ್ಯಾನಿಷಿನಲ್ಲಿ ‘ಮರೆಯೋಗ್ರಫೊ’, ಇಟಾಲಿಯನ್ನಿನಲ್ಲಿಯೂ ಹೆಚ್ಚುಕಡಿಮೆ ಅದೇ, ಫ್ರೆಂಚಿನಲ್ಲಿ ‘ಮರೆಗ್ರಾಫ್’. ಅಲ್ಲೆಲ್ಲ ಇದು ದಿನನಿತ್ಯದ ಪದ, ಪತ್ರಿಕೆಗಳಲ್ಲೂ ಬರುತ್ತದೆ.

ಇನ್ನೊಂದು. ಪದಜೋಳಿಗೆಯವರು ಇದರಲ್ಲಿ ‘ಉಬ್ಬರ’ ಇಲ್ಲ ಅಂದರು. ಫ್ರೆಂಚಿನಲ್ಲಿ ಇದೆ. ‘ಮರೆ’ ಅಂದರೆ ಅಲ್ಲಿ ಉಬ್ಬರವಿಳಿತವೇ. ಸ್ಪ್ಯಾನಿಷಿನಲ್ಲಿ ‘ಮರೆಯಾ’. ಮೂಲ ಲ್ಯಾಟಿನ್ ಸಮುದ್ರವೇ ಇರಬಹುದು, ಆದರೆ ಅವರ ಕಿವಿಗೆ ಈ ಪದ ‘ಉಬ್ಬರ ಬರೆಯುವುದು’ ಅಂತಲೇ ಕೇಳುತ್ತದೆ.

ಪದಜೋಳಿಗೆ
ಬೆಳ್ಳಿಮೋಡ ಮೇಡಂ, ಇದು ಸರಿಯಾದ ತಿದ್ದುಪಡಿ. ನಾನು ಇಂಗ್ಲಿಷ್ ರೂಪ ಒಂದನ್ನೇ ನೋಡಿ ಹೇಳಿದ್ದೆ. ಬ್ರೆಸ್ಟ್ ಬಂದರಿನಲ್ಲಿ 1846ರಲ್ಲಿ ಶಜಲೋನ್ ಎಂಬ ಫ್ರೆಂಚ್ ಜಲಮಾಪನ ಎಂಜಿನಿಯರ್ ಇಂಥ ಯಂತ್ರ ಕೂರಿಸಿದ್ದರು. ಫ್ರೆಂಚಿನಲ್ಲಿ ಪದ ಅಷ್ಟು ಗಟ್ಟಿಯಾಗಿ ಬೇರು ಬಿಟ್ಟದ್ದು ಆ ಕಾಲದಲ್ಲೇ.

ಅರ್ಥಹುಡುಕ
ಹಾಗಾದರೆ ಯಂತ್ರ ಫ್ರೆಂಚರದ್ದಾ?

ಪದಜೋಳಿಗೆ
ಇಲ್ಲ, ಪದದಲ್ಲಿ ಅವರು ಮುಂದೆ, ಯಂತ್ರದಲ್ಲಿ ಇಂಗ್ಲಿಷರು. ಲಂಡನ್ನಿನ ಹಡಗುಕಟ್ಟೆಯ ಎಂಜಿನಿಯರ್ ಹೆನ್ರಿ ಪಾಮರ್ ತಾನೇ ಬರೆಯುವ ಉಬ್ಬರದ ಯಂತ್ರದ ವಿವರವನ್ನು 1831ರಲ್ಲೇ ಪ್ರಕಟಿಸಿದ್ದರು. ಥೇಮ್ಸ್ ನದಿಯ ಬಾಯಿಯ ಹತ್ತಿರ ಶೀರ್ನೆಸ್‌ನಲ್ಲಿ ಸುಮಾರು ಅದೇ ಹೊತ್ತಿಗೆ ಒಂದು ಯಂತ್ರ ಕೆಲಸ ಶುರು ಮಾಡಿತ್ತು.

ಬೆಳ್ಳಿಮೋಡ
ವಿಷಯ ಸ್ವಲ್ಪ ಆಚೆ ಹೋಗುತ್ತದೆ, ಕ್ಷಮಿಸಿ. ಸ್ಪ್ಯಾನಿಷಿನಲ್ಲಿ ‘ಮರೆಯಾ’ ಉಬ್ಬರ, ‘ಮರೆಯೋ’ ತಲೆಸುತ್ತು! ಕಡಲ ಪ್ರಯಾಣದಲ್ಲಿ ಆಗುವ ವಾಂತಿ, ತಲೆಸುತ್ತಿನಿಂದ ಬಂದ ಪದ. ಮಕ್ಕಳು ಪರೀಕ್ಷೆಯಲ್ಲಿ ಎರಡನ್ನೂ ಅದಲುಬದಲು ಮಾಡುತ್ತಾರೆ.

ತುಂತುರು
ಇಂಗ್ಲಿಷಿನ ‘ಟೈಡ್’ ಮೊದಲು ‘ಹೊತ್ತು, ಕಾಲ’ ಅನ್ನುವ ಅರ್ಥದಲ್ಲಿತ್ತಂತೆ. ಅಂದರೆ ಅವರು ಗಡಿಯಾರ ನೋಡಿ ಹೆಸರಿಟ್ಟರು. ನಾವು ನೀರು ನೋಡಿ ಇಟ್ಟಿದ್ದೇವೆ. ಉಬ್ಬುತ್ತೆ, ಇಳಿಯುತ್ತೆ. ಉಬ್ಬರ, ಇಳಿತ. ಎಷ್ಟು ಚೆಂದ ಅಲ್ವಾ?

ಗೆರೆಗಾರ
ಚೆಂದ. ಅದಕ್ಕೇ ನನ್ನ ಓಟು ‘ಉಬ್ಬರಮಾಪಕ’ಕ್ಕೆ. ಮಳೆಮಾಪಕ ಇದ್ದ ಹಾಗೆ.

ಕಡ್ಡಿಪುಡಿ
ನೀವೇ ತಾನೇ ಈಗಷ್ಟೇ ಮೀಟರ್ ಬೇರೆ, ಗ್ರಾಫ್ ಬೇರೆ ಅಂದದ್ದು? ಮಾಪಕ ಅಂದರೆ ಮೀಟರ್. ಮೇರಿಗ್ರಾಫಿಗೆ ಮಾಪಕ ಅಂದರೆ ಬಾಲ ಕತ್ತರಿಸಿದ ಹಾಗೆ.

ಇನ್ನೊಂದು ತೊಂದರೆ. ಒಂಟಿಯಾಗಿ ‘ಉಬ್ಬರ’ ಅಂದರೆ ಇವತ್ತಿನ ಓದುಗನಿಗೆ ಮೊದಲು ಹೊಳೆಯುವುದು ಹಣದುಬ್ಬರ. ಇಲ್ಲವೇ ಹೊಟ್ಟೆಯುಬ್ಬರ. ‘ಉಬ್ಬರಮಾಪಕ ಏರಿತು’ ಎಂದು ಬರೆದು ನೋಡಿ, ಬೆಲೆ ಏರಿತು ಅಂದುಕೊಳ್ಳುತ್ತಾರೆ.

ಗೆರೆಗಾರ
ಬಂದರು ಎಂಜಿನಿಯರ ದಿನಚರಿ ಓದುವವನು ಹಾಗೆ ಅಂದುಕೊಳ್ಳುವುದಿಲ್ಲ. ಸಂದರ್ಭ ಅನ್ನುವುದೊಂದಿದೆ. ಬಾಲದ ಮಾತು ಮಾತ್ರ ನಿಮ್ಮದೇ ಸರಿ. ‘ಉಬ್ಬರಲೇಖಿ’ ಆಗಬಹುದಾ? ಭೂಕಂಪಲೇಖಿ ಅಂತ ವಿಜ್ಞಾನದ ಪುಸ್ತಕಗಳಲ್ಲಿ ಆಗಲೇ ಇದೆ.

ಅರ್ಥಹುಡುಕ
ಕರಾವಳಿಯಲ್ಲಿ ‘ಭರತ’ ಅನ್ನುತ್ತಾರಲ್ಲ, ಭರತ–ಇಳಿತ ಅಂತ. ‘ಭರತಲೇಖಿ’ ಯಾಕಾಗಬಾರದು? ಜನರ ಬಾಯಲ್ಲಿ ಇರುವ ಪದ.

ನಾಲ್ಕನೇಬೆಂಚು
ಭರತಲೇಖಿ ಅಂದರೆ ನನಗೆ ಭರತಮುನಿ ನೆನಪಾಗುತ್ತಾನೆ. ನಾಟ್ಯದ ಪುಸ್ತಕದ ಹೆಸರಿನ ಹಾಗಿದೆ.

ದಡದಂಚು
ಭರತ ಒಳ್ಳೆಯ ಪದ, ನಾನೂ ಕೆಲಸದಲ್ಲಿ ಅದನ್ನೇ ಆಡುತ್ತಿದ್ದೆ. ಆದರೆ ಅದು ನೀರು ತುಂಬಿ ಬರುವುದಕ್ಕೆ ಮಾತ್ರ. ಎರಡಕ್ಕೂ ಸೇರಿಸಿ ಆಡುವುದು ಕಡಿಮೆ. ‘ಉಬ್ಬರ’ವೂ ಹಾಗೇ, ಅರ್ಧ ಮಾತ್ರ. ಪೂರ್ತಿ ಬೇಕು ಅಂದರೆ ಉಬ್ಬರವಿಳಿತ.

ಕಡ್ಡಿಪುಡಿ
‘ಉಬ್ಬರವಿಳಿತಲೇಖಿ’. ಬಾಯಿ ತುಂಬ ಅಕ್ಷರ. ಹನ್ನೊಂದು ಸಲ ಓದುವುದು ಕಷ್ಟ.

ಪದಜೋಳಿಗೆ
ಹೆಸರು ಅಂದಮೇಲೆ ಅರ್ಧ ಹೇಳಿ ಪೂರ್ತಿ ಸೂಚಿಸುವುದು ಎಲ್ಲ ಭಾಷೆಯಲ್ಲೂ ಇದೆ. ಬೆಲೆ ಏರಿಳಿತದ ಸೂಚಿಗೆ ‘ಬೆಲೆಸೂಚಿ’ ಅಂದರೆ ಸಾಕು. ‘ಉಬ್ಬರಲೇಖಿ’ ಸಾಕು ಅಂತ ನನ್ನ ಅನಿಸಿಕೆ.

ಚುಕ್ಕಿಲೆಕ್ಕ
ತಡವಾಗಿ ಬಂದೆ. ಭೌತಶಾಸ್ತ್ರದ ಮೇಷ್ಟ್ರು ನಾನು. ಮೇರಿಗ್ರಾಫಿನ ಜೊತೆ ಕಲಸಿಹೋಗುವ ಇನ್ನೊಂದು ಯಂತ್ರದ ಬಗ್ಗೆ ಎಚ್ಚರಿಸುತ್ತೇನೆ. 1870ರ ದಶಕದಲ್ಲಿ ಲಾರ್ಡ್ ಕೆಲ್ವಿನ್ (ಆಗಿನ್ನೂ ವಿಲಿಯಂ ಥಾಮ್ಸನ್) ಕಟ್ಟಿಸಿದ್ದು ಉಬ್ಬರವನ್ನು ಮುಂಚಿತವಾಗಿ ಲೆಕ್ಕ ಹಾಕುವ ಯಂತ್ರ. ಅದರಲ್ಲೂ ರಾಟೆ, ತಂತಿ, ಪೆನ್ನು, ಹಾಳೆ ಎಲ್ಲ ಇದೆ. ಅದೂ ಡೊಂಕು ಗೆರೆಯನ್ನೇ ಬರೆಯುತ್ತದೆ. ಆದರೆ ಅದಕ್ಕೆ ನೀರು ಮುಟ್ಟುವುದೇ ಇಲ್ಲ. ಕೋಣೆಯಲ್ಲಿ ಕೂತು ಮುಂದಿನ ವರ್ಷದ ಉಬ್ಬರ ಬರೆಯುತ್ತದೆ. ಮೇರಿಗ್ರಾಫ್ ಬರೆಯುವುದು ಆಗುತ್ತಿರುವುದನ್ನು. ಕೆಲ್ವಿನ್ ಎರಡನ್ನೂ ವಿನ್ಯಾಸ ಮಾಡಿದ್ದರಿಂದ ಹಳೆಯ ಬರಹಗಳಲ್ಲಿ ಗೊಂದಲ ಜಾಸ್ತಿ.

ಹಾಳೆಗುಬ್ಬಿ
ಒಳ್ಳೆಯದಾಯಿತು ಹೇಳಿದ್ದು. ಮುಂದಿನ ಅಧ್ಯಾಯದಲ್ಲಿ ‘ಪ್ರೆಡಿಕ್ಟರ್’ ಅಂತಲೂ ಬರುತ್ತದೆ, ನಾನು ಎರಡಕ್ಕೂ ಒಂದೇ ಪದ ಹಾಕುವುದರಲ್ಲಿದ್ದೆ.

ದಡದಂಚು ಸರ್, ಪುಟ ಮತ್ತೆ ಓದಿದೆ. ಹಲ್ಲುಗಳ ಬಗ್ಗೆ “ಒಂದೊಂದಕ್ಕೂ ಅರ್ಧ ಗಂಟೆಗೆ ಸ್ವಲ್ಪ ಕಡಿಮೆ” ಎಂದಿದೆ. ಅದರ ಕೆಳಗೆ “ಕಾವಲುಗಾರ ಹೇಳಿದ: ನಡುರಾತ್ರಿ ದೋಣಿಗಳ ಹಗ್ಗ ತಾನಾಗಿ ಬಿಗಿದು ಸಡಿಲವಾಯಿತು” ಅಂತ ಒಂದು ಸಾಲು. ಅದು ಇಲ್ಲಿಗೆ ಸೇರಿದ್ದು ಅಂತ ನನಗೆ ಹೊಳೆದಿರಲೇ ಇಲ್ಲ.

ದಡದಂಚು
ಆಹಾ! ಈಗ ಪೂರ್ತಿ ಸಿಕ್ಕಿತು.

ಅಲೆ ಅಂದರೆ ಸೆಕೆಂಡುಗಳ ಲೆಕ್ಕ, ಉಬ್ಬರ ಅಂದರೆ ಗಂಟೆಗಳ ಲೆಕ್ಕ. ನಡುವೆ ನಿಮಿಷಗಳ ಲೆಕ್ಕದ ಒಂದು ಚಲನೆ ಇದೆ. ಬಂದರಿನ ಅಥವಾ ಕೊಲ್ಲಿಯ ನೀರೆಲ್ಲ ಒಂದೇ ಸಲ ಈ ಬದಿಗೆ ವಾಲಿ, ಆಮೇಲೆ ಆ ಬದಿಗೆ ವಾಲುವುದು. ತುಂಬಿದ ತಟ್ಟೆಯನ್ನು ಎತ್ತಿಕೊಂಡು ನಡೆದರೆ ನೀರು ಹೇಗೆ ತುಳುಕುತ್ತದೋ ಹಾಗೆ. ಇದಕ್ಕೆ ‘ಸೇಶ್’ ಅನ್ನುತ್ತಾರೆ. ಗಾಳಿ ನಿಂತಿದ್ದರೂ ಆಗುತ್ತದೆ. ದೂರದಲ್ಲಿ ಗಾಳಿಯ ಒತ್ತಡ ತಟ್ಟನೆ ಬದಲಾದರೂ ಸಾಕು. ದೂರದ ಸುನಾಮಿಯ ಕೊನೆಯ ಎಳೆ ಬಂದು ತಟ್ಟಿದರೂ ಹೀಗೇ ಕಾಣುತ್ತದೆ. ಅರ್ಧ ಗಂಟೆಯ ತುಳುಕು ಕೊಳವೆಯ ತೂತಿನಲ್ಲಿ ಆರಾಮವಾಗಿ ಒಳಗೆ ಬರುತ್ತದೆ. ಅದಕ್ಕೇ ಹಾಳೆಯಲ್ಲಿ ಹಲ್ಲು ಮೂಡಿದ್ದು.

ನಿಮ್ಮ ಎಂಜಿನಿಯರ್ “ಗಾಳಿಯೇ ಇರಲಿಲ್ಲ” ಎಂದದ್ದು ಸುಮ್ಮನೆ ಅಲ್ಲ. ಆ ಗೆರೆ ನೋಡಿ ಅವರಿಗೆ ಮೈ ಜುಂ ಅಂದಿರಬೇಕು. ‘ಅಲೆಮಾಪಕ’ ಅಂದರೆ ಆ ಇಡೀ ಸಂಗತಿ ಮಣ್ಣುಪಾಲು.

ಚುಕ್ಕಿಲೆಕ್ಕ
ಸೇಶ್ ಬಗ್ಗೆ ಮಾತು ಬಂತು ಅಂದಮೇಲೆ ಪದಗಳನ್ನು ಪ್ರೀತಿಸುವವರಿಗೆ ಒಂದು ಉಡುಗೊರೆ. ಸ್ವಿಟ್ಜರ್ಲೆಂಡಿನ ಫೋರೆಲ್ ಎಂಬ ವಿಜ್ಞಾನಿ ಜಿನೀವಾ ಸರೋವರದಲ್ಲಿ ಇದನ್ನೇ ಅಭ್ಯಾಸ ಮಾಡಿದರು. ಅಲ್ಲಿ ನೀರು ಉದ್ದಕ್ಕೆ ಒಮ್ಮೆ ತುಳುಕಿ ಬರಲು ಸುಮಾರು 73 ನಿಮಿಷ ಬೇಕು. ಮೊದಲು ಅವರು ಮಾಡಿಕೊಂಡದ್ದು ತೀರಾ ಸರಳ ಸಾಧನ. ದಡದಲ್ಲಿ ಒಂದು ಪುಟ್ಟ ತೊಟ್ಟಿ, ಅದಕ್ಕೂ ಸರೋವರಕ್ಕೂ ನಡುವೆ ನಳಿಗೆ, ನಳಿಗೆಯೊಳಗೆ ಒಂದು ಸಣ್ಣ ತೇಲುಗ. ನೀರು ಒಳಗೆ ಬರುತ್ತಿದೆಯೋ ಹೊರಗೆ ಹೋಗುತ್ತಿದೆಯೋ ಅನ್ನುವುದನ್ನು ಅದು ತೋರಿಸುತ್ತಿತ್ತು. ಅದಕ್ಕೆ ಇಟ್ಟ ಹೆಸರು ‘ಪ್ಲೆಮಿರಾಮೀಟರ್’. ಗ್ರೀಕಿನಲ್ಲಿ ‘ಪ್ಲೆಮ್ಮಿರಾ’ ಅಂದರೆ ನೀರು ಉಕ್ಕಿ ಬರುವುದು. ಬರೆಯುತ್ತಿರಲಿಲ್ಲ, ತೋರಿಸುತ್ತಿತ್ತು ಅಷ್ಟೇ. ಗೆರೆಗಾರರ ನಿಯಮಕ್ಕೆ ಸರಿಯಾಗಿ ‘ಮೀಟರ್’ ಬಾಲ.

ಗೆರೆಗಾರ
ಕಡ್ಡಿಪುಡಿಯವರು ನೋಡಲಿ.

ಕಡ್ಡಿಪುಡಿ
ನೋಡಿದೆ. ಒಂದು ಉದಾಹರಣೆ. ಸಂತೋಷ.

ಪದಜೋಳಿಗೆ
ನನ್ನದೂ ಒಂದು: ‘ಮೆಡಿಮಾರಿಮೀಟರ್’. ಫ್ರಾನ್ಸಿನ ಎತ್ತರಗಳನ್ನೆಲ್ಲ ಅಳೆಸಿದ ಶಾರ್ಲ್ ಲಾಲಮಾಂ ಅವರ ಕೂಸು. ದಡದಂಚು ಸರ್ ಹೇಳಿದ ಕೊಳವೆಯಲ್ಲಿ ಸಣ್ಣ ತೂತಿನ ಬದಲು, ನೀರು ಜಿನುಗುವಂಥ ರಂಧ್ರಮಯ ತಡೆ ಇಟ್ಟರು. ಆಗ ಅಲೆ ಮಾತ್ರ ಅಲ್ಲ, ಉಬ್ಬರವೂ ಹೆಚ್ಚುಕಡಿಮೆ ಸೋಸಿಹೋಗುತ್ತದೆ. ಉಳಿಯುವುದು ಸಮುದ್ರದ ಸರಾಸರಿ ಮಟ್ಟ. ದಿನಕ್ಕೊಮ್ಮೆ ಕೋಲು ಇಳಿಸಿ ಓದಿದರೆ ಸಾಕು.

ಮೇರಿಗ್ರಾಫ್ ಅಲೆಯನ್ನು ಬಿಟ್ಟು ಉಬ್ಬರವನ್ನು ಹಿಡಿಯುತ್ತದೆ. ಇದು ಉಬ್ಬರವನ್ನೂ ಬಿಟ್ಟು ಸಮುದ್ರವನ್ನೇ ಹಿಡಿಯುತ್ತದೆ. ನನಗೆ ಇದಕ್ಕಿಂತ ಇಷ್ಟವಾದ ಉಪಕರಣ ಇಲ್ಲ.

ತುಂತುರು
ಸಮುದ್ರದ ಸರಾಸರಿ ಮಟ್ಟ ಅಂದರೆ ಬೆಟ್ಟದ ಎತ್ತರ ಹೇಳುವಾಗ ಬರುತ್ತಲ್ಲ, ಅದೇನಾ? ‘ಸಮುದ್ರ ಮಟ್ಟದಿಂದ ಇಷ್ಟು ಮೀಟರ್’ ಅಂತ?

ಪದಜೋಳಿಗೆ
ಅದೇ. ಮಾರ್ಸೆ ನಗರದ ಕಡಲ ದಡದಲ್ಲಿ ಒಂದು ಮೇರಿಗ್ರಾಫ್ ಮನೆಯಿದೆ. 1885ರಿಂದ 1897ರ ಆರಂಭದವರೆಗೆ ಅಲ್ಲಿ ಸಿಕ್ಕ ಸರಾಸರಿಯೇ ಫ್ರಾನ್ಸಿನ ಮುಖ್ಯಭೂಮಿಯ ಎತ್ತರಗಳಿಗೆಲ್ಲ ಸೊನ್ನೆ. ಆಲ್ಪ್ಸ್ ಶಿಖರದ ಲೆಕ್ಕವೂ ಅಲ್ಲಿಂದಲೇ ಶುರು. ಆ ಯಂತ್ರ ಬರೆಯುವುದರ ಜೊತೆಗೆ ಸರಾಸರಿಗೆ ಬೇಕಾದ ಮೊತ್ತವನ್ನೂ ತಾನೇ ಕೂಡಿಸುತ್ತಿತ್ತು.

ಅರ್ಥಹುಡುಕ
ಸುನಾಮಿಗೆ ‘ಟೈಡಲ್ ವೇವ್’ ಅಂತ ಹಳೆಯ ಪುಸ್ತಕಗಳಲ್ಲಿ ಇರುತ್ತದೆ. ಉಬ್ಬರದ ಅಲೆ! ಆಗ ಮೇರಿಗ್ರಾಫನ್ನು ಅಲೆಮಾಪಕ ಅನ್ನೋದರಲ್ಲಿ ಏನು ತಪ್ಪು?

ಚುಕ್ಕಿಲೆಕ್ಕ
‘ಟೈಡಲ್ ವೇವ್’ ಅನ್ನುವುದೇ ತಪ್ಪು ಹೆಸರು. ಸುನಾಮಿಗೂ ಚಂದ್ರನಿಗೂ ಸಂಬಂಧ ಇಲ್ಲ. ಸುನಾಮಿ ಉಬ್ಬರದ ಯಂತ್ರದಲ್ಲಿ ಸಿಕ್ಕಿಬೀಳುತ್ತದೆ ಅನ್ನುವುದು ನಿಜ. ಆದರೆ ಅದು ಯಂತ್ರದ ಉದ್ದೇಶ ಅಲ್ಲ, ನಮ್ಮ ಅದೃಷ್ಟ.

1854ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ದೊಡ್ಡ ಭೂಕಂಪ ಆಯಿತು. ಅದೇ ವರ್ಷ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಉಬ್ಬರದ ಯಂತ್ರ ಕೂರಿಸಿದ್ದರು. ಹನ್ನೆರಡು ಗಂಟೆಗಿಂತ ಸ್ವಲ್ಪ ಜಾಸ್ತಿ ಹೊತ್ತಿನ ಮೇಲೆ ಅದರ ಹಾಳೆಯಲ್ಲಿ ಪುಟ್ಟ ಪುಟ್ಟ ಹಲ್ಲುಗಳು ಬಂದವು. ಅಮೆರಿಕದ ಕರಾವಳಿ ಸರ್ವೆಯ ಮುಖ್ಯಸ್ಥ ಅಲೆಕ್ಸಾಂಡರ್ ಬೇಚ್ ಅದನ್ನು ಹಿಡಿದು ಲೆಕ್ಕ ಹಾಕಿದರು. ಇಂಥ ಅಲೆಯ ವೇಗ ನೀರಿನ ಆಳವನ್ನು ಅವಲಂಬಿಸಿದೆ. 4000 ಮೀಟರ್ ಆಳದಲ್ಲಿ ಗಂಟೆಗೆ ಸುಮಾರು 700 ಕಿಲೋಮೀಟರ್. ದೂರ ಗೊತ್ತು, ಸಮಯ ಗೊತ್ತು, ಹಾಗಾಗಿ ವೇಗ ಗೊತ್ತಾಯಿತು. ವೇಗದಿಂದ ಪೆಸಿಫಿಕ್ ಸಾಗರದ ಸರಾಸರಿ ಆಳ ತೆಗೆದರು. ನೀರಿಗೆ ಒಂದು ಹಗ್ಗವನ್ನೂ ಇಳಿಸದೆ! 1883ರ ಆಗಸ್ಟಿನಲ್ಲಿ ಇಂಡೋನೇಷ್ಯಾದ ಕ್ರಕಟೋವ ಜ್ವಾಲಾಮುಖಿ ಸಿಡಿದಾಗಲೂ ಬಹಳ ದೂರದ ಬಂದರುಗಳ ಹಾಳೆಗಳಲ್ಲಿ ಗುರುತು ಮೂಡಿತ್ತು.

ಪಾಠದಲ್ಲಿ ಇದನ್ನು ಹೇಳಿದಾಗ ಹಿಂದಿನ ಬೆಂಚಿನವರೂ ತಲೆ ಎತ್ತುತ್ತಾರೆ.

ನಾಲ್ಕನೇಬೆಂಚು
ನಾಲ್ಕನೇ ಬೆಂಚಿನವನೂ ಎತ್ತಿದ್ದಾನೆ. ಇಂಥ ಮೇಷ್ಟ್ರು ನಮಗೆ ಸಿಗಲಿಲ್ಲ.

ಬೆಳ್ಳಿಮೋಡ
ಈಗ ಪೆನ್ನು, ಹಾಳೆ ಎಲ್ಲಿದೆ? ರೇಡಾರ್ ಮೇಲಿಂದ ನೀರಿಗೆ ಹೊಡೆದು ಅಳೆಯುತ್ತದೆ, ಅಂಕಿ ನೇರ ಕಂಪ್ಯೂಟರಿಗೆ ಹೋಗುತ್ತದೆ. ಆದರೂ ಫ್ರೆಂಚರು ಅದನ್ನೂ ‘ಮರೆಗ್ರಾಫ್’ ಅಂತಲೇ ಕರೆಯುತ್ತಾರೆ. ಹೆಸರು ಹಳೆಯದು, ಒಳಗಿನ ವಸ್ತು ಬದಲಾಗಿದೆ.

ಗೆರೆಗಾರ
ಬರೆದಿಡುವುದು ನಿಂತಿಲ್ಲವಲ್ಲ. ಹಾಳೆಯ ಬದಲು ಕಂಪ್ಯೂಟರಿನಲ್ಲಿ. ‘ಲೇಖಿ’ ಅದಕ್ಕೂ ಒಪ್ಪುತ್ತದೆ.

ದಡದಂಚು
ಒಪ್ಪುತ್ತದೆ. ಆದರೆ ಹಾಳೆಯ ಕಾಲದ ಒಂದು ಮಾತು ಹೇಳಿ ಮುಗಿಸುತ್ತೇನೆ, ಅನುವಾದಕ್ಕೆ ಉಪಯೋಗ ಆಗಬಹುದು.

ಯಂತ್ರ ಇದ್ದರೂ ಪಕ್ಕದಲ್ಲಿ ಒಂದು ಅಳತೆಗೋಲು ನಿಲ್ಲಿಸಿರುತ್ತಿದ್ದೆವು. ಕಪ್ಪು ಬಿಳಿ ಚೌಕಗಳನ್ನು ಬಳಿದ ಉದ್ದನೆಯ ಹಲಗೆ. ಯಂತ್ರ ಸರಿಯಾಗಿ ಬರೆಯುತ್ತಿದೆಯಾ ಅಂತ ಅದನ್ನು ಓದಿ ತಾಳೆ ನೋಡಬೇಕು. ನಾನು ಹೊಸಬನಾಗಿದ್ದಾಗ ರಾತ್ರಿ ಪಾಳಿ ಕೊಡುತ್ತಿದ್ದರು. ಕಾಲು ಗಂಟೆಗೊಮ್ಮೆ ಟಾರ್ಚು ಹಾಕಿ ಓದಬೇಕು. ನೀರು ಕೋಲಿನ ಮೇಲೆ ಏರುತ್ತೆ, ಜಾರುತ್ತೆ. ಏರಿದ ಗುರುತು ಒಂದು, ಜಾರಿದ ಗುರುತು ಒಂದು, ಎರಡರ ನಡುವಿನದನ್ನು ಬರೆದುಕೊಳ್ಳಬೇಕು. ಒಂದು ಸಲ ಮೂರು ದಿನ ಕೋಲಿನ ಲೆಕ್ಕವೂ ಯಂತ್ರದ ಗೆರೆಯೂ ಕೂಡಲಿಲ್ಲ. ಯಂತ್ರದ ಉಬ್ಬರ ತಡವಾಗಿ ಬರುತ್ತಿತ್ತು, ತುದಿ ಮೊಂಡಾಗಿತ್ತು. ಮೇಲಿನವರು ಹೊಸ ಹುಡುಗ ನಿದ್ದೆ ಮಾಡಿದ್ದಾನೆ ಅಂದರು. ಇಳಿತದಲ್ಲಿ ಇಳಿದು ನೋಡಿದರೆ ಕೊಳವೆಯ ತೂತಿನ ಸುತ್ತ ಬಾರ್ನಕಲ್ ಚಿಪ್ಪುಗಳು ಗಟ್ಟಿಯಾಗಿ ಕೂತಿದ್ದವು. ಸೂಜಿ ತೂರುವಷ್ಟು ಜಾಗ ಮಾತ್ರ ಉಳಿದಿತ್ತು. ಉಳಿಯಲ್ಲಿ ಕೆತ್ತಿ ತೆಗೆದೆ. ಸಂಜೆಯ ಗೆರೆ ಕೋಲಿನ ಲೆಕ್ಕಕ್ಕೆ ಸರಿಯಾಗಿ ಕೂತಿತು.

ಹಾಗಾಗಿ ಆ ದಿನಚರಿಯಲ್ಲಿ ಮೀಟರ್ ಅಂತ ಎಲ್ಲಿ ಬರುತ್ತದೆ ಅಂತ ನೋಡಿ. ಈ ಕೋಲನ್ನೇ ಹೇಳುತ್ತಿರಬಹುದು.

ಹಾಳೆಗುಬ್ಬಿ
ಸರ್! ಸಾಲು ಹೀಗಿದೆ: “ಥಲಸೋಮೀಟರಿಗೆ ಹೊಸ ಬಣ್ಣ ಬಳಿಸಿದೆ.” ಯಂತ್ರಕ್ಕೆ ಬಣ್ಣ ಯಾಕೆ ಅಂತ ನಾನು ಯೋಚಿಸುತ್ತಿದ್ದೆ.

ದಡದಂಚು
ಕೋಲೇ ಅದು. ಅನುಮಾನವೇ ಬೇಡ. ಉಪ್ಪುನೀರಿಗೆ ಬಣ್ಣ ನಿಲ್ಲುವುದಿಲ್ಲ.

ಪದಜೋಳಿಗೆ
ಹಾಗಾದರೆ ನಿಘಂಟಿನ ಅರ್ಥ ಒಂದೇ ಆಗಿದ್ದರೂ ಇವರು ಎರಡು ಪದವನ್ನು ಎರಡು ವಸ್ತುವಿಗೆ ಹಂಚಿಕೊಂಡಿದ್ದಾರೆ. ತೋರಿಸುವುದು ಥಲಸೋಮೀಟರ್, ಬರೆಯುವುದು ಮೇರಿಗ್ರಾಫ್. ಕನ್ನಡದಲ್ಲೂ ಎರಡು ಬೇಕು.

ಹಾಳೆಗುಬ್ಬಿ
ಮೇರಿಗ್ರಾಫ್ = ಉಬ್ಬರಲೇಖಿ. ಥಲಸೋಮೀಟರ್ = ಉಬ್ಬರದ ಅಳತೆಗೋಲು. ಮೊದಲ ಸಲ ಬಂದಾಗ ತೇಲುಬುರುಡೆ, ಪೆನ್ನು, ಗಡಿಯಾರ ಅಂತ ಒಂದು ಸಾಲು ಕಥೆಯೊಳಗೇ ಸೇರಿಸುತ್ತೇನೆ. ಈಗ ಹೀಗೆ ಬರೆದಿದ್ದೇನೆ, ನೋಡಿ:

“ಬೆಳಿಗ್ಗೆ ಹೋಗಿ ನೋಡಿದರೆ ಉಬ್ಬರಲೇಖಿಯ ಹಾಳೆಯಲ್ಲಿ, ಇಳಿತದ ಗೆರೆಯ ಮೇಲೆ ಮೂರು ಹಲ್ಲುಗಳಿದ್ದವು. ರಾತ್ರಿ ಗಾಳಿಯೇ ಇರಲಿಲ್ಲ.”

ಅರ್ಥಹುಡುಕ
ನನಗೆ ಈಗಲೂ ಭರತವೇ ಇಷ್ಟ. ಆದರೆ ಸಾಲು ಚೆನ್ನಾಗಿದೆ.

ಕಡ್ಡಿಪುಡಿ
‘ಹಲ್ಲು’ ಬೇಡ. ಹಲ್ಲು ಮೂಡಿತು ಅಂದರೆ ಮಗು ನೆನಪಾಗುತ್ತದೆ. ನಯವಾದ ಗೆರೆಯಲ್ಲಿ ಸಣ್ಣ ಕಡಿತ ಕಂಡರೆ ಬಡಗಿಗಳು ಏನಂತಾರೆ? ‘ಕಚ್ಚು’. ಮೂರು ಕಚ್ಚುಗಳು ಅನ್ನಿ.

ಹಾಳೆಗುಬ್ಬಿ
ಕಚ್ಚು! ತಿದ್ದಿದೆ.

ದಡದಂಚು
ನಾವೂ ಹಾಳೆ ನೋಡಿ ಕಚ್ಚು ಬಿದ್ದಿದೆ ಅಂತಲೇ ಹೇಳುತ್ತಿದ್ದೆವು. ಮರೆತೇಹೋಗಿತ್ತು.